ಸಮ್ಮೇಳನದಲ್ಲಿ ಒಂದು ಪಂದ್ಯವೂ ಇರಲಿ

ನಮ್ಮ ಸಾಹಿತ್ಯ ಸಮ್ಮೇಳನಗಳಲ್ಲಿ ಧ್ವಜಾರೋಹಣ ಇದೆ, ಮೆರವಣಿಗೆ ಇದೆ, ಗೋಷ್ಠಿ, ಸನ್ಮಾನ, ಊಟ ಎಲ್ಲ ಇದೆ. ಬರೆಯುವವರೂ ಓದುವವರೂ ಸರಿಸಮನಾಗಿ ನಿಲ್ಲುವ ಹೊತ್ತು ಮಾತ್ರ ಇಲ್ಲ. ಮುಂದಿನ ಜಿಲ್ಲಾ ಸಮ್ಮೇಳನದಲ್ಲಿ ಸಾಹಿತಿಗಳು ಮತ್ತು ಅವರ ಗೆಳೆಯರ ಕ್ರಿಕೆಟ್ ಪಂದ್ಯಕ್ಕೆ ಒಂದು ಬೆಳಗ್ಗೆ ಬಿಟ್ಟುಕೊಡಿ ಎಂದು ಸಾಹಿತ್ಯ ಪರಿಷತ್ತನ್ನು ಕೇಳಿಕೊಳ್ಳುತ್ತೇನೆ.

ದಾವಣಗೆರೆಯ ಸರಸ್ವತಿ ನಗರದ ನಾವು ಕೆಲವರು ಭಾನುವಾರ ಬೆಳಗ್ಗೆ ಟೆನ್ನಿಸ್ ಬಾಲಿನಲ್ಲಿ ಆಡುತ್ತೇವೆ. ಕವಿತೆ ಬರೆಯುವ ಹೈಸ್ಕೂಲ್ ಮೇಷ್ಟ್ರು, ಹರಿಹರದಿಂದ ಬೈಕಿನಲ್ಲಿ ಬರುವ ಕಥೆಗಾರ, ಪ್ರೆಸ್ಸಿನಲ್ಲಿ ಪುಟ ಕಟ್ಟುವ ಹುಡುಗ, ಆಟೊ ಓಡಿಸುವ ಗೆಳೆಯ, ಕರಡು ತಿದ್ದುವ ನಾನು. ಈಚೆಗೆ ನಾನು ಅಂಪೈರ್ ಆಗಿ ನಿಂತಿದ್ದಾಗ ಮೇಷ್ಟ್ರು ಬೀಸಿದ ಚೆಂಡು ಕೀಪರ್ ಕೈ ಸೇರಿತು. ಬ್ಯಾಟಿಗೆ ತಾಗಿದ ಸದ್ದು ನನಗೆ ಕೇಳಲಿಲ್ಲ, ಯಾರೂ ಕೂಗಲೂ ಇಲ್ಲ. ‘ತಾಗೈತಮ್ಮ’ ಎಂದವರೇ ಬ್ಯಾಟನ್ನು ಕಂಕುಳಲ್ಲಿಟ್ಟುಕೊಂಡು ಹೊರಟರು.

ಆಟ ಮುಗಿದ ಮೇಲೆ ಮಂಡಕ್ಕಿ–ಮಿರ್ಚಿ. ಅಲ್ಲೇ ಒಂದು ದಿನ ಆಟೊ ಗೆಳೆಯ ಕಥೆಗಾರನಿಗೆ ಹೇಳಿದ: ‘ಅಣ್ಣಾ, ನಿಮ್ಮ ಕತೆಲಿ ಬರೋ ಡ್ರೈವರ್ ಮಾತಾಡಿದಂಗೆ ನಾವ್ಯಾರೂ ಮಾತಾಡಲ್ಲ ಬಿಡ್ರಿ.’ ಮುಂದಿನ ಕರಡು ನನ್ನ ಕೈಗೆ ಬಂದಾಗ ಆ ಸಂಭಾಷಣೆ ಪೂರ್ತಿ ಬದಲಾಗಿತ್ತು, ಕತೆಗೆ ಜೀವ ಬಂದಿತ್ತು. ಯಾವ ವಿಮರ್ಶಾ ಗೋಷ್ಠಿಯಲ್ಲೂ ಇಂಥ ಮಾತು ಬರುವುದಿಲ್ಲ. ವೇದಿಕೆಯ ಕೆಳಗೆ ಕುಳಿತವನಿಗೆ ಚಪ್ಪಾಳೆ ತಟ್ಟುವುದಷ್ಟೇ ಕೆಲಸ. ಜೊತೆಗೆ ಆಡಿದವನಿಗೆ ಇದ್ದದ್ದನ್ನು ಇದ್ದಂತೆ ಹೇಳುವ ಸಲುಗೆ ಇರುತ್ತದೆ. ಬರೆಯುವವರಿಗೆ ಬೇಕಾದದ್ದು ಆ ಸಲುಗೆ.

ಲೇಖಕರು ತಂಡ ಕಟ್ಟಿ ಆಡಿದ್ದು ಹೊಸತೇನಲ್ಲ. ‘ಪೀಟರ್ ಪ್ಯಾನ್’ ಬರೆದ ಜೆ.ಎಂ. ಬ್ಯಾರಿ 1887ರಲ್ಲೇ ಗೆಳೆಯರನ್ನು ಸೇರಿಸಿಕೊಂಡು ಇಂಗ್ಲೆಂಡಿನಲ್ಲಿ ತಂಡ ಕಟ್ಟಿದರು. ಜೆರೋಮ್ ಕೆ. ಜೆರೋಮ್, ಪಿ.ಜಿ. ವೋಡ್‌ಹೌಸ್, ಎ.ಎ. ಮಿಲ್ನ್ ಅದರಲ್ಲಿ ಆಡಿದವರು. ಅದೇ ತಂಡದ ಆರ್ಥರ್ ಕಾನನ್ ಡಾಯ್ಲ್ 1900ರಲ್ಲಿ ಪ್ರಥಮ ದರ್ಜೆ ಪಂದ್ಯವೊಂದರಲ್ಲಿ ಡಬ್ಲ್ಯು.ಜಿ. ಗ್ರೇಸ್ ಅವರ ವಿಕೆಟ್ಟನ್ನೇ ಕಿತ್ತರು. 1969ರಲ್ಲಿ ನೊಬೆಲ್ ಪಡೆದ ಸ್ಯಾಮ್ಯುಯೆಲ್ ಬೆಕೆಟ್ ಕೂಡ ಡಬ್ಲಿನ್ ವಿಶ್ವವಿದ್ಯಾಲಯದ ಪರವಾಗಿ ಪ್ರಥಮ ದರ್ಜೆ ಕ್ರಿಕೆಟ್ ಆಡಿದ್ದರು. ನಮ್ಮ ಮೈಸೂರಿನ ಆರ್.ಕೆ. ನಾರಾಯಣ್ 1935ರಷ್ಟು ಹಿಂದೆಯೇ ಸ್ವಾಮಿ ಮತ್ತು ಅವನ ಗೆಳೆಯರಿಗೆ ಮಾಲ್ಗುಡಿಯಲ್ಲಿ ಕ್ರಿಕೆಟ್ ಕ್ಲಬ್ ಕಟ್ಟಿಕೊಟ್ಟರು. ಕನ್ನಡ ಸಿನಿಮಾದವರಿಗೆ ಕರ್ನಾಟಕ ಬುಲ್ಡೋಜರ್ಸ್ ಎಂಬ ತಂಡವಿದೆ. ಕನ್ನಡ ಬರೆಯುವವರು ಯಾಕೆ ಹಿಂದೆ ಉಳಿಯಬೇಕು?

ಇದಕ್ಕೆ ದಾವಣಗೆರೆಗಿಂತ ತಕ್ಕ ಊರು ಬೇರೆ ಬೇಕಿಲ್ಲ. 1992ರಲ್ಲಿ ಜಿ.ಎಸ್. ಶಿವರುದ್ರಪ್ಪನವರ ಅಧ್ಯಕ್ಷತೆಯಲ್ಲಿ ಅಖಿಲ ಭಾರತ ಕನ್ನಡ ಸಾಹಿತ್ಯ ಸಮ್ಮೇಳನ ನಡೆಸಿದ ಊರಿದು. 2013–14 ಮತ್ತು 2014–15ರಲ್ಲಿ ಸತತವಾಗಿ ರಣಜಿ ಟ್ರೋಫಿ ಗೆದ್ದ ಕರ್ನಾಟಕ ತಂಡದ ನಾಯಕ ವಿನಯ್ ಕುಮಾರ್ ಅವರ ಊರೂ ಇದೇ. ಹೈಸ್ಕೂಲ್ ಮೈದಾನದಲ್ಲಿ ಟೆನ್ನಿಸ್ ಬಾಲ್ ಟೂರ್ನಿ ನಡೆದರೆ ಇಲ್ಲಿ ಜನರನ್ನು ಕರೆಯಬೇಕಾಗಿಲ್ಲ.

ಒಂದು ಕಡೆ ದಾವಣಗೆರೆ, ಇನ್ನೊಂದು ಕಡೆ ಹರಿಹರ. ತಲಾ ಹತ್ತು ಓವರ್ ಸಾಕು. ನಿಯಮಗಳನ್ನು ಮಾತ್ರ ಗಟ್ಟಿಯಾಗಿ ಇಟ್ಟುಕೊಳ್ಳೋಣ. ಪ್ರತಿ ತಂಡದಲ್ಲಿ ಅರ್ಧದಷ್ಟು ಜನ ಬರೆಯದವರು, ಓದುವವರು ಇರಬೇಕು. ಲೇಖಕಿಯರು ಸ್ಕೋರ್ ಬರೆಯಲು ಕೂರುವುದಲ್ಲ, ಹನ್ನೊಂದರೊಳಗೆ ಇರಬೇಕು. ನಾನು ಬೌಲಿಂಗ್‌ಗೆ ಸಿದ್ಧ. ಹಾರ, ಶಾಲು, ಉದ್ಘಾಟನಾ ಭಾಷಣ ಬೇಡ. ಗೆದ್ದ ತಂಡದವರು ಸೋತ ತಂಡದವರ ಪುಸ್ತಕಗಳನ್ನು ದುಡ್ಡು ಕೊಟ್ಟು ಕೊಳ್ಳಲಿ.

ಮೂರು ಗಂಟೆ ಮೈದಾನ, ಎರಡು ಬ್ಯಾಟು, ಆರು ಸ್ಟಂಪು, ನಾಲ್ಕಾರು ಚೆಂಡು: ಇಷ್ಟೇ ಖರ್ಚು. ಪರಿಷತ್ತಿನ ಪದಾಧಿಕಾರಿಗಳು ಆಹ್ವಾನ ಪತ್ರಿಕೆಯನ್ನು ಅಚ್ಚಿಗೆ ಕಳಿಸುವ ಮುಂಚೆ ಎರಡನೇ ದಿನದ ಕಾರ್ಯಕ್ರಮದಲ್ಲಿ ಬೆಳಗ್ಗೆ 7 ಗಂಟೆಗೆ ಈ ಪಂದ್ಯವನ್ನು ಸೇರಿಸಲಿ.