ಆಟದ ಯಂತ್ರದೊಳಗಿನ ದ್ರುತಲಯ

ಕಳೆದ ದೀಪಾವಳಿಯ ರಜೆಯಲ್ಲಿ ನಾನು ಬಡೋದೆಯಿಂದ ಸೂರತ್ತಿಗೆ ರೈಲಿನಲ್ಲಿ ಹೋಗುತ್ತಿದ್ದಾಗ, ನಮ್ಮ ಶಾಲೆಯ ಬಾಲಕನೊಬ್ಬನು ಎದುರಿಗೆ ಕುಳಿತು, ಸೋದರಮಾವನಿಂದ ಪಡೆದ ಹಳೆಯ ಗೇಮ್ ಬಾಯ್ ಯಂತ್ರದಲ್ಲಿ ‘ಸೂಪರ್ ಮಾರಿಯೋ ಲ್ಯಾಂಡ್’ ಆಡುತ್ತಿದ್ದನು. ಪಕ್ಕದ ಹಿರಿಯರೊಬ್ಬರು, “ಆ ಕಿರಿಚಾಟವನ್ನು ನಿಲ್ಲಿಸಪ್ಪಾ” ಎಂದರು. ಧ್ವನಿ ನಿಂತಿತು. ಆ ಬಳಿಕ ಪರದೆಯ ಮೇಲಿನ ಪುಟ್ಟ ಮನುಷ್ಯನು ಮೇಲಿಂದ ಮೇಲೆ ಹಳ್ಳಕ್ಕೆ ಬೀಳತೊಡಗಿದನು. “ಹಾಡಿಲ್ಲದೆ ನೆಗೆಯಲು ಬರುವುದಿಲ್ಲ, ಸಾರ್” ಎಂದು ಹುಡುಗನು ಮುಖ ಸಪ್ಪಗೆ ಮಾಡಿದನು.

ಅದನ್ನು ಕಿರಿಚಾಟವೆನ್ನಲು ನನಗೆ ಮನಸ್ಸೊಪ್ಪದು. ಸಂಗೀತವೆಂದೇ ಕರೆಯುತ್ತೇನೆ, ನನ್ನ ಸಹೋದ್ಯೋಗಿಗಳು ನಕ್ಕರೆ ನಗಲಿ. 1989ರಲ್ಲಿ ಜಪಾನಿನಲ್ಲಿ ಆ ಯಂತ್ರವೂ ಆ ಆಟವೂ ಒಂದೇ ದಿನ ಹೊರಬಂದವು. ಆಟಕ್ಕೆ ಸ್ವರ ಕೂಡಿಸಿದವರು ಹಿರೋಕಾಜು ತನಾಕಾ. ಅವರ ಕೈಗೆ ದೊರೆತದ್ದಾದರೂ ಎಷ್ಟು? ನಾಲ್ಕೇ ಧ್ವನಿಗಳು: ಎರಡು ಚೌಕದಲೆಯ ಸ್ವರಗಳು, ಬೇಕಾದ ಆಕಾರಕ್ಕೆ ತಿದ್ದಬಹುದಾದ ಅಲೆಯೊಂದು, ತಾಳಕ್ಕಾಗಿ ‘ಚುಸ್’ ಎನ್ನುವ ಗದ್ದಲವೊಂದು. ವೀರನಿಗೆ ನಕ್ಷತ್ರ ದೊರೆತು ಅವನು ಕೆಲವು ಕ್ಷಣ ಅಜೇಯನಾದಾಗ, ಆಫೆನ್‌ಬಾಖ್ ಎಂಬಾತನು 1858ರಲ್ಲಿ ಪ್ಯಾರಿಸ್ಸಿನ ರಂಗಭೂಮಿಗೆ ರಚಿಸಿದ, ‘ಕ್ಯಾನ್-ಕ್ಯಾನ್’ ಎಂದು ಲೋಕಪ್ರಸಿದ್ಧವಾದ ಕುಣಿತದ ಧಾಟಿ ಮೊಳಗುತ್ತದೆ. ಧಾಟಿ ಮುಗಿಯಿತೆಂದರೆ ರಕ್ಷಣೆಯೂ ಮುಗಿಯಿತು. ಕಣ್ಣು ಹಳ್ಳವನ್ನು ನೋಡುತ್ತಿರುವಾಗ ಕಾಲವನ್ನು ಅಳೆಯುವುದು ಕಿವಿ. ಹುಡುಗನ ಮಾತು ಸುಳ್ಳಲ್ಲ.

ಆದರೂ ನನ್ನದೊಂದು ಆಕ್ಷೇಪವುಂಟು. 2023ರಲ್ಲಿ ಯುನೆಸ್ಕೋ ಮನ್ನಣೆ ಪಡೆದ ಗರ್ಬಾವನ್ನು ನೀವೆಲ್ಲರೂ ನವರಾತ್ರಿಯಲ್ಲಿ ಕುಣಿದವರೇ. ಅದು ಮೆಲ್ಲಗೆ ಹೊರಡುತ್ತದೆ. ಚಪ್ಪಾಳೆ ಕೂಡಿ, ಕಾಲು ಕೂಡಿ, ಆಮೇಲೆ ಢೋಲು ಬಿರುಸಾಗುತ್ತದೆ. ಖ್ಯಾಲ್ ಗಾಯನದ ಕ್ರಮವೂ ಅದೇ. ಹಿಂದೆ ಬಡೋದೆಯ ಆಸ್ಥಾನದಲ್ಲಿ ಹಾಡಿದ್ದ ಅಬ್ದುಲ್ ಕರೀಂ ಖಾನರ ಶಿಷ್ಯರೇ ನಮ್ಮ ಕುಂದಗೋಳದ ಸವಾಯಿ ಗಂಧರ್ವರು. ಆ ಪರಂಪರೆಯಲ್ಲಿ ವಿಲಂಬಿತದಲ್ಲಿ ರಾಗವನ್ನು ಬಿಡಿಸಿ ತೋರಿಸಿದ ಮೇಲಲ್ಲವೇ ದ್ರುತ್? ಅಲ್ಲಿ ವೇಗವು ಗಳಿಸಿದ್ದು. ಆಟದ ಯಂತ್ರದಲ್ಲಿಯೋ ಗುಂಡಿಯೊತ್ತಿದೊಡನೆಯೇ ದ್ರುತ್! ಢೋಲಿನವನು ಕುಣಿಯುವವರ ಕಾಲು ನೋಡಿ ಬಾರಿಸುತ್ತಾನೆ. ಯಂತ್ರವು ಯಾರ ಮುಖವನ್ನೂ ನೋಡದು. ನೀವು ಬಿದ್ದರೆ ಅದೇ ಧಾಟಿ, ಮತ್ತೆ ಮೊದಲಿನಿಂದ.

ಆದುದರಿಂದ ಧ್ವನಿ ನಿಲ್ಲಿಸಿರೆಂದು ನಾನು ಹೇಳುವುದಿಲ್ಲ. ಒಮ್ಮೆ ಆಟವನ್ನು ಬದಿಗಿಟ್ಟು ಆ ಧಾಟಿಯನ್ನಷ್ಟೇ ಕೇಳಿರಿ, ಬಾಯಲ್ಲಿ ಗುನುಗಿರಿ, ನಿಮಗೆ ಬೇಕಾದಷ್ಟು ನಿಧಾನವಾಗಿ.

ಶಾಲೆ ತೆರೆದ ಮೇಲೆ ಆ ಹುಡುಗನಿಗೂ ಇದನ್ನೇ ಹೇಳಿದೆನು. ಅವನು ಧಾಟಿಯನ್ನು ಬೆಂಚಿನ ಮೇಲೆ ಬೆರಳಿನಿಂದ ಬಡಿದು ತೋರಿಸಿದನು, ಮೊದಲು ಮೆಲ್ಲಗೆ, ಅನಂತರ ಬಿರುಸಾಗಿ. ನಾನು ಕೈತಾಳ ಹಾಕಲು ಹೊರಟೆನು. ಮೂರನೆಯ ಸುತ್ತಿನಲ್ಲಿ ತಾಳ ತಪ್ಪಿದವನು ನಾನೇ.