ಮನಸ್ಸಿನ ಶೂನ್ಯದೋಷ

ಭೌತಶಾಸ್ತ್ರದ ಪ್ರಯೋಗಶಾಲೆಗೆ ಬಂದ ವಿದ್ಯಾರ್ಥಿಯು ತಂತಿಯ ದಪ್ಪವನ್ನು ಅಳೆಯುವ ಮೊದಲು ಸ್ಕ್ರೂಗೇಜಿನ ಶೂನ್ಯದೋಷವನ್ನು ಕಂಡುಕೊಳ್ಳಬೇಕು. ಆ ದೋಷವು ಪ್ರತಿಯೊಂದು ಅಳತೆಯನ್ನೂ ಒಂದೇ ಕಡೆಗೆ ವಾಲಿಸುತ್ತದೆ. ನೂರು ಸಲ ಅಳೆದು ಸರಾಸರಿ ತೆಗೆದರೂ ಅದು ಹೋಗದು.

ಅಳೆಯುವ ಮನುಷ್ಯನಲ್ಲಿಯೂ ಇಂಥ ದೋಷವುಂಟು. ನಕ್ಷತ್ರಗಳ ಸಂಕ್ರಮಣ ಕಾಲವನ್ನು ತನಗಿಂತ ಸುಮಾರು 0.8 ಸೆಕೆಂಡು ತಡವಾಗಿ ಗುರುತಿಸುತ್ತಿದ್ದನೆಂದು ಗ್ರೀನಿಚ್ ವೀಕ್ಷಣಾಲಯದ ಮ್ಯಾಸ್ಕೆಲೈನನು 1796ರಲ್ಲಿ ಸಹಾಯಕ ಕಿನ್ನೆಬ್ರೂಕನನ್ನು ಕೆಲಸದಿಂದ ತೆಗೆದನು. ಇಂಥ ವ್ಯತ್ಯಾಸವು ನುರಿತ ವೀಕ್ಷಕರ ನಡುವೆಯೂ ಇರುವುದೆಂದು ಮುಂದೆ ಜರ್ಮನಿಯ ಬೆಸೆಲನು ತೋರಿಸಿದನು. ಅಷ್ಟರಲ್ಲಿ ಒಬ್ಬನ ಅನ್ನ ಹೋಗಿತ್ತು.

ನಮ್ಮ ಕಚೇರಿಗಳಲ್ಲಿ ಈ ದೋಷಕ್ಕೆ ಜಾತಿಯೆಂದು ಹೆಸರು. ಸಂವಿಧಾನದ 17ನೆಯ ವಿಧಿಯು ಅಸ್ಪೃಶ್ಯತೆಯನ್ನು ರದ್ದುಗೊಳಿಸಿದೆ. ಆದರೆ ಕಾನೂನು ಕಣ್ಣಿಗೆ ಕಾಣುವ ಕೃತ್ಯವನ್ನು ಹಿಡಿಯಬಲ್ಲದೇ ಹೊರತು ಮನಸ್ಸಿನ ವಾಲಿಕೆಯನ್ನಲ್ಲ. ಸುಖದೇವ ಥೋರಟ್ ಮತ್ತು ಪಾಲ್ ಆಟೆವೆಲ್ ಅವರು ಖಾಸಗಿ ಸಂಸ್ಥೆಗಳ ಜಾಹೀರಾತುಗಳಿಗೆ ಸಮಾನ ವಿದ್ಯಾರ್ಹತೆಯ ಅರ್ಜಿಗಳನ್ನು ಬೇರೆಬೇರೆ ಹೆಸರುಗಳಲ್ಲಿ ಕಳುಹಿಸಿ, ಫಲಿತಾಂಶವನ್ನು 2007ರಲ್ಲಿ ಪ್ರಕಟಿಸಿದರು. ಮೇಲ್ಜಾತಿಯ ಹೆಸರಿಗೆ ಹೋಲಿಸಿದರೆ, ಮುಂದಿನ ಹಂತಕ್ಕೆ ಕರೆ ಬರುವ ಸಂಭವವು ದಲಿತ ಹೆಸರಿಗೆ ಸುಮಾರು ಮೂರರಲ್ಲಿ ಎರಡು ಪಾಲು, ಮುಸ್ಲಿಂ ಹೆಸರಿಗೆ ಮೂರರಲ್ಲಿ ಒಂದು ಪಾಲು ಮಾತ್ರವಿತ್ತು. ಅರ್ಜಿ ಓದಿದವರೆಲ್ಲರೂ ದ್ವೇಷಿಗಳೆಂದು ಇದರರ್ಥವಲ್ಲ. ಅವರಲ್ಲಿ ಅನೇಕರು ತಾವು ಯೋಗ್ಯತೆಯನ್ನೇ ತೂಗುತ್ತಿದ್ದೇವೆಂದು ನಂಬಿದ್ದಿರಬಹುದು.

ನಾನೂ ಇದಕ್ಕೆ ಹೊರತಲ್ಲ. ಒಮ್ಮೆ ಮೌಖಿಕ ಪರೀಕ್ಷೆಯಲ್ಲಿ ಇಬ್ಬರು ಒಂದೇ ಪ್ರಶ್ನೆಗೆ ತಡವರಿಸಿದರು. ಒಬ್ಬನಿಗೆ ಸುಳಿವು ಕೊಟ್ಟು ಕಾದೆನು. ಇನ್ನೊಬ್ಬನಿಗೆ ಮುಂದಿನ ಪ್ರಶ್ನೆ ಹಾಕಿದೆನು. ಮೊದಲನೆಯವನು ನಮ್ಮ ಪೈಕಿಯವನೆಂಬುದು ನನಗೆ ಗೊತ್ತಿತ್ತೆಂದು ಹೊಳೆದದ್ದು ಮನೆಗೆ ಮರಳುವ ದಾರಿಯಲ್ಲಿ.

ಕೂಡ್ಲಿಗಿ, ಕೊಟ್ಟೂರು, ಹಗರಿಬೊಮ್ಮನಹಳ್ಳಿ, ಹಡಗಲಿ, ಹರಪನಹಳ್ಳಿಗಳಲ್ಲಿ ಹೊಸಬರನ್ನು ಕಂಡರೆ "ಯಾವ ಊರು? ಯಾರ ಪೈಕಿ?" ಎಂದು ಅಕ್ಕರೆಯಿಂದಲೇ ಕೇಳುತ್ತೇವೆ. ಚಹದಂಗಡಿಯಲ್ಲಿ ಅದು ಕುಶಲಪ್ರಶ್ನೆಯೆನಿಸಬಹುದು. ಉದ್ಯೋಗದ ಸಂದರ್ಶನದಲ್ಲಿ ಅದು ತಕ್ಕಡಿಯ ಮೇಲಿಟ್ಟ ಬೆರಳು.

ದೋಷವನ್ನು ತಿದ್ದಿದರೆ ಯೋಗ್ಯತೆಗೆ ಪೆಟ್ಟು ಬೀಳುವುದೆಂದು ಕೆಲವರು ಅಂಜುತ್ತಾರೆ. ಶೂನ್ಯದೋಷವನ್ನು ಕಳೆದರೆ ತಂತಿಯ ದಪ್ಪ ಬದಲಾಗುವುದೇ? ಅದರ ನಿಜವಾದ ಅಳತೆ ತಿಳಿಯುವುದು, ಅಷ್ಟೆ. ಮೊದಲ ಆಯ್ಕೆಯಲ್ಲಿ ಹೆಸರನ್ನು ಮುಚ್ಚಿಡಲಿ. ಎಲ್ಲರಿಗೂ ಅವೇ ಪ್ರಶ್ನೆಗಳನ್ನು ಕೇಳಲಿ. ಪರಸ್ಪರ ಚರ್ಚಿಸುವ ಮೊದಲೇ ಪ್ರತಿಯೊಬ್ಬ ಪರೀಕ್ಷಕನೂ ಅಂಕವನ್ನು ಬರೆದಿಡಲಿ.

ವಿದ್ಯಾರ್ಥಿ ಮಿತ್ರರೇ, ನಾಳೆ ನೀವೂ ಆ ಮೇಜಿನ ಹಿಂದೆ ಕುಳಿತು ಇನ್ನೊಬ್ಬರನ್ನು ಅಳೆಯುವಿರಿ. ಅಂದು ಮೊದಲು ನಿಮ್ಮ ಶೂನ್ಯದೋಷವನ್ನು ನೋಡಿಕೊಳ್ಳಿರಿ.