‘ಉಂಟು’ ಎಂದರೆ ನಗುವುದೇಕೆ?

1998ರಲ್ಲಿ ಮಂಗಳೂರಿನಿಂದ ಬೆಂಗಳೂರಿಗೆ ಕೆಲಸಕ್ಕೆ ಬಂದಾಗ, ಆಫೀಸಿನಲ್ಲಿ ಚಹಾದ ಹೊತ್ತಿಗೆ ನನ್ನನ್ನು ಮಾತಾಡಿಸುವುದೇ ಎಲ್ಲರಿಗೂ ಮೋಜು. “ಫೈಲು ಅಲ್ಲೇ ಉಂಟಲ್ಲ” ಎಂದರೆ ಸಾಕು, ಆಚೀಚೆ ಟೇಬಲ್ಲಿನವರು “ಉಂಟು, ಉಂಟು” ಎಂದು ನಗುತ್ತಿದ್ದರು. ಕೆಟ್ಟವರೇನಲ್ಲ. ಸಿನಿಮಾದಲ್ಲಿ ನಮ್ಮ ಕನ್ನಡವನ್ನು ಅವರು ಹೆಚ್ಚಾಗಿ ಕೇಳಿದ್ದು ಹೋಟೆಲ್ ಭಟ್ಟರ ಬಾಯಲ್ಲಿ, ಎರಡು ಸೀನಿಗೆ ಬಂದು ನಗಿಸಿ ಹೋಗುವವರ ಬಾಯಲ್ಲಿ. ಆರು ತಿಂಗಳಲ್ಲಿ ನಾನು ‘ಉಂಟು’ ಬಿಟ್ಟು ‘ಇದೆ’ ಹಿಡಿದೆ. ಆ ನೋವು ಈಗಲೂ ಹೋಗಿಲ್ಲ.

ಹಾಗಾಗಿ 2017ರ ಜುಲೈಯಲ್ಲಿ ‘ಒಂದು ಮೊಟ್ಟೆಯ ಕಥೆ’ ನೋಡುವಾಗ ನನಗೆ ಅಳು ಬಂತು. ರಾಜ್ ಬಿ. ಶೆಟ್ಟಿ ತಾವೇ ಬರೆದು, ನಿರ್ದೇಶಿಸಿ, ನಾಯಕನೂ ಆದ ಸಣ್ಣ ಬಜೆಟ್ಟಿನ ಸಿನಿಮಾ ಅದು. ಕಥಾನಾಯಕ ಜನಾರ್ದನ ಮಂಗಳೂರಿನ ಕಾಲೇಜಿನಲ್ಲಿ ಕನ್ನಡ ಲೆಕ್ಚರರ್. ರಾಜ್‌ಕುಮಾರ್ ಎಂದರೆ ಪ್ರಾಣ. ತಲೆಯಲ್ಲಿ ಕೂದಲಿಲ್ಲ, ಮದುವೆಗೆ ಹುಡುಗಿ ಸಿಗುವುದಿಲ್ಲ. ಅವನೂ, ಪ್ರಕಾಶ್ ತುಮಿನಾಡು ಮಾಡಿದ ಪ್ಯೂನ್ ಶ್ರೀನಿವಾಸನೂ, ಮನೆಯವರೂ ಊರಿನ ಕನ್ನಡದಲ್ಲೇ ಮಾತಾಡುತ್ತಾರೆ. ಎಲ್ಲರ ಮಾತೂ ಒಂದೇ ಆದಲ್ಲಿ ಮಾತಿಗೆ ನಗುವವರು ಯಾರು? ನಗು ಬೇಕಾದರೆ ಮನುಷ್ಯನನ್ನೇ ನೋಡಬೇಕು. ಬೋಳುತಲೆಗೆ ಊರಿಡೀ ನಕ್ಕದ್ದಕ್ಕೆ ನೊಂದವನು, ತನ್ನ ಸರದಿ ಬಂದಾಗ ಹುಡುಗಿಯ ರೂಪವನ್ನೇ ಅಳೆಯುತ್ತಾನೆ. ಅಲ್ಲಿಯವರೆಗೆ ನಗುತ್ತಿದ್ದ ನಮಗೆ ಅಲ್ಲಿ ಗಂಟಲು ಕಟ್ಟುತ್ತದೆ.

ಅದಕ್ಕೂ ಮುಂಚೆ, 2014ರಲ್ಲಿ, ರಕ್ಷಿತ್ ಶೆಟ್ಟಿಯವರ ‘ಉಳಿದವರು ಕಂಡಂತೆ’ ಮಲ್ಪೆಯ ಮಾತನ್ನು ನಾಯಕನಿಗೆ ಕೊಟ್ಟಿತ್ತು, ನಿಜ. ಆದರೆ ಅದು ಕಡಲು, ರಕ್ತದ ಕಥೆ. ಬಸ್ಸು ಹಿಡಿದು ಕೆಲಸಕ್ಕೆ ಹೋಗುವ, ಮದುವೆಯ ಮಂಡೆಬಿಸಿ ಹೊತ್ತ ಪೇಟೆಯ ಸಾಧಾರಣ ಮನುಷ್ಯನಿಗೆ ಆ ಗೌರವ ಸಿಕ್ಕಿದ್ದು ‘ಮೊಟ್ಟೆ’ಯಲ್ಲಿ. 2019ರಲ್ಲಿ ಅದೇ ಕಥೆ ಮಲಯಾಳದಲ್ಲಿ ‘ತಮಾಷ’, ಹಿಂದಿಯಲ್ಲಿ ‘ಉಜ್ಡಾ ಚಮನ್’ ಆಯಿತು.

ಈಗ ನನ್ನ ತಕರಾರು ಬೇರೆ. ಕರಾವಳಿಯ ಮಾತು ಓಡುತ್ತದೆಂದು ಗೊತ್ತಾದ ಮೇಲೆ ಅದನ್ನು ಒಗ್ಗರಣೆಯಂತೆ ಹಾಕುವವರು ಹೆಚ್ಚಾಗಿದ್ದಾರೆ. ನಾಟಕ ಮಾಡುವ ನನ್ನ ತಮ್ಮನನ್ನು ಒಂದು ಚಿತ್ರತಂಡ ಡಬ್ಬಿಂಗಿಗೆ ಎರಡು ದಿನ ಮುಂಚೆ ಕರೆಸಿತು. ಡೈಲಾಗ್ ಮೊದಲೇ ಬರೆದಾಗಿತ್ತು. “ಎಲ್ಲೆಲ್ಲಿ ‘ಮಾರಾಯ’ ಹಾಕಬಹುದು, ಗುರುತು ಮಾಡಿ ಕೊಡಿ” ಎಂದರಂತೆ. ಸ್ಕ್ರಿಪ್ಟಿನಲ್ಲಿ ಮಗ ಅಪ್ಪನಿಗೇ “ಎಂತ ಮಾರಾಯ” ಅನ್ನುತ್ತಿದ್ದ! ನಮ್ಮ ಮನೆಯಲ್ಲಿ ಅಪ್ಪನಿಗೆ ಯಾರೂ ಹಾಗೆ ಹೇಳಿದ್ದಿಲ್ಲ. ಅದು ಸ್ನೇಹಿತನಿಗೆ. ಹೆಂಗಸಾದರೆ ‘ಮಾರಾಯ್ತಿ’, ಗುರುತಿನ ಹಿರಿಯರಿಗೆ ‘ಮಾರಾಯ್ರೆ’. ಯಾರಿಗೆ ಯಾರ ಮೇಲೆ ಎಷ್ಟು ಸಲಿಗೆ ಎಂಬುದು ಆ ಒಂದು ಪದದಲ್ಲೇ ತಿಳಿಯುತ್ತದೆ.

ಹುಬ್ಬಳ್ಳಿ, ಕಲಬುರಗಿಯವರಿಗೂ ಇದೇ ಸಂಕಟ ಇದ್ದೀತು. ಆ ಊರುಗಳ ನಗೆಚಿತ್ರ ಮಾಡಲು ಹೊರಟವರಲ್ಲಿ ನಾನು ಕೇಳುವುದು ಇಷ್ಟು: ಊರಿನವರನ್ನು ಕಥೆ ಕಟ್ಟುವ ದಿನವೇ ಕರೆದು ಕೂರಿಸಿಕೊಳ್ಳಿ, ಅವರ ಹೆಸರನ್ನು ಸಂಭಾಷಣೆಕಾರರ ಜೊತೆಯಲ್ಲೇ ಹಾಕಿ, ಡೈಲಾಗ್ ಬರೆದವರಿಗೆ ಸಿಗುವಂಥದ್ದೇ ಸಂಬಳ ಕೊಡಿ.